ಒಂದು ಕೈ ಬೆನ್ನ ಹಿಂದೆ

ಇದನ್ನು ಬರೆಯಲು ಕೂತು ಎದ್ದದ್ದು ಎಷ್ಟನೆಯ ಸಲವೋ ನೆನಪಿಲ್ಲ. ಒಮ್ಮೆ ಕನ್ನಡಕ ಸಿಗಲಿಲ್ಲವೆಂದು ಎದ್ದೆ, ಒಮ್ಮೆ ಪೆನ್ನು ಸರಿಯಾಗಿ ಹರಿಯುತ್ತಿಲ್ಲವೆಂದು ಎದ್ದೆ. ನಿಜವಾದ ಕಾರಣ ಹೆದರಿಕೆ. ಹಗರಿಬೊಮ್ಮನಹಳ್ಳಿಯ ಸಬ್‌ರಿಜಿಸ್ಟ್ರಾರ್ ಕಚೇರಿಯ ಎದುರು ನಲವತ್ತು ವರ್ಷ ಕೂತು ಊರವರ ಕ್ರಯಪತ್ರ, ವಿಭಾಗಪತ್ರ ಬರೆದವನು ನಾನು. ಓದಿದ್ದು ಎಸ್ಸೆಸ್ಸೆಲ್ಸಿ, ಹೊಟ್ಟೆ ಹೊರೆದದ್ದು ದುಂಡಗಿನ ಅಕ್ಷರದಿಂದ. ಪತ್ರದ ಮೊದಲ ಸಾಲಿನಲ್ಲೇ ‘ಇಂಥವರಿಗೆ ಇಂಥವರು ಬರೆದುಕೊಟ್ಟದ್ದು’ ಎಂದು ಬರಬೇಕು. ಅದು ನಮ್ಮ ಕಸುಬಿನ ಪದ್ಧತಿ. ಈ ಕಾಗದದಲ್ಲಿ ಆ ಸಾಲಿಗೇ ಕೈ ನಿಂತುಬಿಡುತ್ತದೆ. ಸದ್ಯಕ್ಕೆ ಅಷ್ಟು ಜಾಗ ಖಾಲಿ ಬಿಟ್ಟು ಮುಂದೆ ಹೋಗುತ್ತೇನೆ.

ನಾನು ಹೇಳಹೊರಟಿರುವುದು ರೇಡಿಯೊ, ಟಿವಿ ರಿಪೇರಿ ಮಾಡುತ್ತಿದ್ದ ಒಬ್ಬರ ವಿಷಯ. ಅವರೀಗ ಇಲ್ಲ. ಹೆಸರು ಬರೆಯುವುದಿಲ್ಲ, ಬದುಕಿದ್ದಾಗ ತಮ್ಮ ಹೆಸರು ಎಲ್ಲಿಯೂ ಬರಬಾರದೆಂದು ಅಷ್ಟು ಜೋಪಾನ ಮಾಡಿದವರು ಅವರು. ಬೀದಿಯವರು ‘ಇಂಜಿನೇರ್ರು’ ಎನ್ನುತ್ತಿದ್ದರು. ಮೊದಲು ಅದು ಗೇಲಿಯಾಗಿತ್ತು, ಆಮೇಲೆ ಅದೇ ಹೆಸರಾಯಿತು. ನನ್ನ ಮೇಜಿಗೂ ಅವರ ಅಂಗಡಿಗೂ ನಡುವೆ ಒಂದು ಚಹದಂಗಡಿ ಮಾತ್ರ. ನನಗಿಂತ ಮೂರು ವರ್ಷ ಹಿರಿಯರು. ತೆಳ್ಳಗಿನ ಆಳು, ಹಣೆಯ ತುಂಬ ವಿಭೂತಿ, ಅಂಗಿಯ ಕಿಸೆಯಲ್ಲಿ ಕರೆಂಟ್ ನೋಡುವ ಟೆಸ್ಟರ್.

ಅವರು ಕೆಲಸ ಮಾಡುವುದನ್ನು ನೋಡಿದವರು ಒಂದು ಸಂಗತಿಯನ್ನು ಮರೆಯುವುದಿಲ್ಲ. ಬಿಚ್ಚಿದ ಟಿವಿಯ ಮುಂದೆ ಬಗ್ಗಿ ನಿಂತು ಬಲಗೈಯಿಂದ ಒಳಗೆ ಕೆದಕುತ್ತಿದ್ದರೆ ಎಡಗೈ ಮಾತ್ರ ಬೆನ್ನ ಹಿಂದೆ, ಮುಷ್ಟಿ ಕಟ್ಟಿಕೊಂಡು ಕೂತಿರುತ್ತಿತ್ತು.

“ಹಿಂದ ಏನು ಮುಚ್ಚಿಟ್ಟೀರಿ ಇಂಜಿನೇರ್ರ?” ಎಂದು ಒಮ್ಮೆ ಕೇಳಿದ್ದೆ.

“ಜೀವ,” ಎಂದರು ತಲೆ ಎತ್ತದೆ. “ಈ ಹಳೇ ಟಿವಿ ಡಬ್ಬಿಯಾಗ ವೈರ್ ಕಿತ್ತಿಟ್ಟ ಮ್ಯಾಲೂ ಕರೆಂಟ್ ಕುಂತಿರ್ತೈತ್ರಿ ರೈಟರ್ರ. ಎರಡೂ ಕೈ ಹಾಕಿದ್ರ ಒಂದು ಕೈಯಾಗ ಹೊಕ್ಕು, ಎದಿ ಹಾದು, ಇನ್ನೊಂದು ಕೈಯಾಗ ಹೊರಗ ಹೋಗ್ತೈತಿ. ಒಂದ ಕೈ ಇದ್ರ ಸುಟ್ರೂ ಕೈಯಷ್ಟ ಸುಡ್ತೈತಿ.”

ವರ್ಷಗಟ್ಟಲೆ ಹೀಗೆ ನಿಂತು ನಿಂತು ಅದು ಅವರ ಮೈಗೇ ಹತ್ತಿಬಿಟ್ಟಿತ್ತು. ಪೊಲೀಸರು ಟಿವಿ ತಂದಿಟ್ಟರೆ ಎಡಗೈ ಹಿಂದಕ್ಕೆ. ಗುರುತಿಲ್ಲದ ಗಿರಾಕಿ ಬಂದರೆ ಹಿಂದಕ್ಕೆ. ಡಾಕ್ಟರು ಎದೆಗೆ ಕೊಳವೆ ಹಚ್ಚಿದಾಗಲೂ ಹಿಂದಕ್ಕೇ ಹೋಗಿ, “ಕೈ ಮುಂದ ತರ್ರೀ” ಎಂದು ಬೈಸಿಕೊಂಡಿದ್ದರಂತೆ. ಅವರಿಗೆ ಅದು ಗೊತ್ತೇ ಆಗುತ್ತಿರಲಿಲ್ಲ. ನಮಗೆ ಗೊತ್ತಾಗುತ್ತಿತ್ತು. ಎಡಗೈ ಹಿಂದೆ ಹೋಯಿತೆಂದರೆ ಇಂಜಿನೇರ್ರು ಹೆದರಿದ್ದಾರೆ ಎಂದು ಅರ್ಥ.

ಹೆಂಡತಿಯ ಮುಂದೆ ಮಾತ್ರ ಆ ಕೈ ಹಿಂದೆ ಹೋದದ್ದನ್ನು ನಾನು ನೋಡಿರಲಿಲ್ಲ. ತಡವಾಗಿ ಮದುವೆಯಾದವರು. ಆಕೆ ಮಾಗಳದ ಹೆಣ್ಣುಮಗಳು, ಹೊಳೆದಂಡೆಯ ಊರಿನ ದೊಡ್ಡ ದನಿ, ಅವರಿಗಿಂತ ಹದಿನೈದು ವರ್ಷಕ್ಕೆ ಚಿಕ್ಕವಳು. ಮಕ್ಕಳಾಗಲಿಲ್ಲ. ಮಧ್ಯಾಹ್ನ ಬುತ್ತಿ ತಂದು ಅಂಗಡಿಯ ಹಿಂಬದಿಯಲ್ಲಿ ಇಬ್ಬರೂ ಉಣ್ಣುತ್ತಿದ್ದರು. ಚಹದಂಗಡಿಯವನು ಸುಮ್ಮನಿರುತ್ತಿರಲಿಲ್ಲ.

“ಇಬ್ರೂ ಒಂದ ತಾಟಿನ್ಯಾಗ ಉಣ್ತೀರಲ್ಲ ಅಕ್ಕಾ, ಪಾತ್ರಿ ತೊಳಿಯಾಕ ಬ್ಯಾಸರಾ?”

“ಹೌದು ನೋಡಪಾ, ನೀನು ಬಂದು ತೊಳಿ, ನಾಳಿಂದ ಎರಡು ತಾಟು ತರ್ತೀನಿ.”

ಇಂಜಿನೇರ್ರು ನಕ್ಕು, ಎರಡೂ ಕೈ ಆಡಿಸಿ ಏನೋ ಹೇಳುತ್ತಿದ್ದರು. ಆಕೆಯೊಡನೆ ಮಾತಾಡುವಾಗ ಅವರಿಗೆ ಎರಡು ಕೈಗಳೂ ಸಾಲುತ್ತಿರಲಿಲ್ಲ.

ಜನ ರಿಪೇರಿ ಬಿಟ್ಟು ಹೊಸ ಟಿವಿ ಕೊಳ್ಳತೊಡಗಿದ ಮೇಲೆ ಅಂಗಡಿ ಬರಬರುತ್ತ ಖಾಲಿಯಾಯಿತು. ಸತ್ತ ರೇಡಿಯೊಗಳು ಗೋಡೆಯುದ್ದಕ್ಕೂ ಒಂದರ ಮೇಲೊಂದು ಕೂತವು. ಆ ವರ್ಷಗಳಲ್ಲೇ ಅವರು ಸದ್ದಿಲ್ಲದೆ ಬಿಟ್‌ಕಾಯಿನ್ ಕೊಂಡಿದ್ದರು. ಅವರಂತೆಯೇ ರೇಡಿಯೊ ಹುಚ್ಚಿದ್ದ ಯಾರೋ ಗೆಳೆಯ ಹೇಳಿಕೊಟ್ಟಿದ್ದ. ಇಂಟರ್ನೆಟ್ಟಿನಲ್ಲಷ್ಟೇ ಇರುವ, ಮುಟ್ಟಲಾಗದ, ಕಣ್ಣಿಗೆ ಕಾಣದ ರೊಕ್ಕ. ಅದು ಏರಿದೆ ಎಂದು ಪೇಪರಿನಲ್ಲಿ ಬಂದ ದಿನ ಇವರು ಚಹ ಸಹ ಕುಡಿಯದೆ ಮನೆಗೆ ಹೋಗುತ್ತಿದ್ದರು. ಇದೆಲ್ಲ ನನಗೆ ಗೊತ್ತಾದದ್ದು ಒಂದು ಭಾನುವಾರ ಮಧ್ಯಾಹ್ನ, ಅವರು ನನ್ನ ಮನೆಗೆ ಬಂದಾಗ.

ಬಂದವರೇ ತಮ್ಮ ಮೊಬೈಲನ್ನೂ ನನ್ನ ಮೊಬೈಲನ್ನೂ ಅಡುಗೆಮನೆಯ ಸ್ಟೀಲ್ ಡಬ್ಬಿಯಲ್ಲಿ ಹಾಕಿ ಮುಚ್ಚಳ ಬಿಗಿದರು. ಟಿವಿಯ ವೈರ್ ಕಿತ್ತರು. ಕಿಟಕಿ ಹಾಕಿದರು. ಆಮೇಲೆ ಕಿಸೆಯಿಂದ ಒಂದು ಮಾಸಲು ಚೀಟಿ ತೆಗೆದರು. ಪೆನ್ಸಿಲಿನಲ್ಲಿ ಬರೆದಿದ್ದ ಇಂಗ್ಲಿಷ್ ಪದಗಳು, ಸೊಟ್ಟಪಟ್ಟ.

“ಕೈ ನಡುಗಾಕತ್ತೈತಿ. ನನ್ನ ಅಕ್ಷರ ನನಗ ಓದಾಕ ಬರವಲ್ದು. ನೀವು ಇದನ್ನ ಚಂದಗ ಬರಕೊಡ್ರಿ. ಇಪ್ಪತ್ನಾಲ್ಕು ಪದ. ಮುಂದಿಂದು ಹಿಂದ ಆಗಬಾರ್ದು.”

ನದಿ, ಕುರ್ಚಿ, ಕುದುರೆ ಅಂಥ ಸಾದಾ ಪದಗಳ ಇಂಗ್ಲಿಷು. “ಇದೇನ್ರಿ, ಸಾಲಿ ಹುಡುಗ್ರ ಕಾಪಿ ಬರದಂಗೈತಿ?” ಎಂದು ನಕ್ಕೆ.

ಅವರು ನಗಲಿಲ್ಲ. “ಇದು ಕೀಲಿ. ಬ್ಯಾಂಕಿಲ್ಲ, ಪಾಸ್‌ಬುಕ್ಕಿಲ್ಲ, ಮ್ಯಾನೇಜರ್ ಇಲ್ಲ. ಈ ಪದ ಯಾರ ಕೈಯಾಗ ಇರ್ತಾವೋ ರೊಕ್ಕ ಅವರದ. ಕಳಕೊಂಡ್ರ ಪೊಲೀಸ್ರಿಗೂ ಕೊಡ್ಸಾಕ ಬರೂದಿಲ್ಲ, ಕೋರ್ಟಿಗೂ ಬರೂದಿಲ್ಲ.”

“ಅಂಥಾದ್ದನ್ನ ಕಂಪ್ಯೂಟರಿನ್ಯಾಗ ಭದ್ರ ಇಡಬೇಕಲ್ರಿ?”

“ವೈರ್ ಇದ್ದಲ್ಲೆ ಕಳ್ಳ ಬರ್ತಾನ. ವೈರ್ ಇಲ್ದಿದ್ರ ಗಾಳ್ಯಾಗ ಬರ್ತಾನ. ಪ್ರಿಂಟ್ ತೆಗೆದ್ರ ಪ್ರಿಂಟರ್ ನೆನಪಿಟ್ಟುಕೊಂತೈತಿ, ಜೆರಾಕ್ಸ್ ಮಾಡಿಸಿದ್ರ ಜೆರಾಕ್ಸ್ ಮಷಿನ್ನಿಗೂ ನೆನಪಿರ್ತೈತಿ. ಕಾಗದ ಒಂದ ನೋಡ್ರಿ, ತನ್ನ ಮ್ಯಾಲ ಬರದದ್ದು ಬಿಟ್ರ ಬ್ಯಾರೆ ಏನೂ ತಿಳಿಯೂದಿಲ್ಲ ಅದಕ್ಕ.” ಈ ಪದಗಳು ಹುಟ್ಟಿದ್ದ ಹಳೆಯ ಲ್ಯಾಪ್‌ಟಾಪನ್ನು ತಾವೇ ಬಿಚ್ಚಿ ಸುತ್ತಿಗೆಯಿಂದ ಒಡೆದು ಹಾಕಿದ್ದರಂತೆ. ಆಮೇಲೆ ಅಂದರು, “ನಾನು ಹೋದ ಮ್ಯಾಲ ಅಕಿ ಯಾರ ಮನಿ ಬಾಗಲದಾಗೂ ನಿಲ್ಲಬಾರ್ದು ರೈಟರ್ರ. ಅಕಿಗೆ ಇರೂದು ಇದೊಂದ.”

ತಾವೇ ತಂದಿದ್ದ ದಪ್ಪ ಕಾಗದ ಕೊಟ್ಟರು. ನಾನು ದಿನವೂ ಬರೆಯುವ ರಟ್ಟಿನ ಕ್ಲಿಪ್ಪಿಗೆ ಅದನ್ನು ಸಿಕ್ಕಿಸಿ ಬರೆಯತೊಡಗಿದೆ.

“ಒತ್ತಿ ಬರೀರಿ. ಶಾಯಿ ಮಾಸಿದ್ರೂ ಗೀರು ಉಳಿಬೇಕು.”

ಪ್ರತಿ ಪದಕ್ಕೂ ಅಂಕಿ ಹಾಕಿ ಒತ್ತಿ ಬರೆದೆ. ಎರಡು ಸಲ ಓದಿ ತಾಳೆ ನೋಡಿದರು. ಪೆನ್ಸಿಲ್ ಚೀಟಿಯನ್ನು ನಮ್ಮ ನೀರೊಲೆಯಲ್ಲಿ ಹಾಕಿ, ಅದು ಬೂದಿಯಾಗುವವರೆಗೆ ಅಲ್ಲೇ ಕುಕ್ಕರಗಾಲಿನಲ್ಲಿ ಕೂತಿದ್ದರು. ಹೊಸ ಕಾಗದವನ್ನು ನಾಲ್ಕು ಮಡಿಕೆ ಮಾಡಿ ಎದೆಯ ಹತ್ತಿರ ಇಟ್ಟುಕೊಂಡು ಹೊರಟರು. ಬೀದಿಯ ತಿರುವು ಮುಟ್ಟುವವರೆಗೆ ಎಡಗೈ ಬೆನ್ನ ಹಿಂದೆಯೇ ಇತ್ತು.

ಮರುದಿನ ಕಚೇರಿಯ ಎದುರು ಕೂತು ತಂಬ್ರಹಳ್ಳಿಯವರೊಬ್ಬರ ವಿಭಾಗಪತ್ರದ ಕರಡು ಬರೆಯಲು ಕ್ಲಿಪ್ಪು ಎತ್ತಿದವನು ಹಾಗೇ ಕೆಳಗಿಟ್ಟೆ. ನಮ್ಮ ಕಸುಬಿನಲ್ಲಿ ಕರಡಿಗೆ ಎರಡು ಪ್ರತಿ ಬೇಕು, ಪಕ್ಷದವರಿಗೊಂದು, ನಮಗೊಂದು. ಅದಕ್ಕೆಂದು ನನ್ನ ರಟ್ಟಿನಲ್ಲಿ ಬಿಳಿ ಹಾಳೆ, ಅದರ ಮೇಲೆ ಕಾರ್ಬನ್ನು ಯಾವಾಗಲೂ ಸಿದ್ಧವಾಗಿರುತ್ತಿತ್ತು. ಬೇರೆಯವರು ಕಂಪ್ಯೂಟರಿಗೆ ಹೋದರೂ ನಾನು ಅದನ್ನು ಬಿಟ್ಟಿರಲಿಲ್ಲ. ಅವರ ದಪ್ಪ ಕಾಗದವನ್ನು ನಾನು ಸಿಕ್ಕಿಸಿದ್ದು ಅದರ ಮೇಲೆಯೇ. ಅವರು ಒತ್ತಿ ಬರೀರಿ ಎಂದಿದ್ದರು. ಇಪ್ಪತ್ನಾಲ್ಕು ಪದಗಳೂ ಕೆಳಗಿನ ಹಾಳೆಯಲ್ಲಿ ನೀಲಿಯಾಗಿ ಮೂಡಿದ್ದವು.

ಎದ್ದು ಹೋಗಿ ಹೇಳಿದ್ದರೆ ಮುಗಿಯುತ್ತಿತ್ತು. ನಲವತ್ತು ಹೆಜ್ಜೆಯಷ್ಟು ದಾರಿ. ಎದ್ದೆ ಕೂಡ. ಚಹದಂಗಡಿಯವರೆಗೆ ಹೋಗಿ ಚಹ ಕುಡಿದು ತಿರುಗಿ ಬಂದೆ. ಬೇಕಂತಲೇ ಮಾಡಿದ ಎಂದು ಅಂದುಕೊಂಡರೆ? ನಾಳೆ ಆ ರೊಕ್ಕಕ್ಕೆ ಏನಾದರೂ ಆದರೆ ಮೊದಲು ಹಿಡಿಯುವುದು ನನ್ನ ಕೊರಳಪಟ್ಟಿಯನ್ನೇ ಅಲ್ಲವೆ? ಹರಿದು ಹಾಕಲೂ ಆಗಲಿಲ್ಲ. ಪ್ರತಿ ಹರಿಯುವುದು ನಮ್ಮ ಕಸುಬಿನವನಿಗೆ ಪಾಪವೆಂದು ಕಲಿತ ಕೈ. ಇನ್ನೊಂದನ್ನೂ ಮುಚ್ಚಿಡುವುದಿಲ್ಲ. ಆ ಹಾಳೆ ನನ್ನ ಹತ್ತಿರ ಇದೆ ಎಂಬುದರಲ್ಲಿ ಒಂದು ಬಗೆಯ ಬಿಸಿ ಇತ್ತು. ಅದರಿಂದ ರೊಕ್ಕ ತೆಗೆಯುವುದು ಹೇಗೆಂದು ನನಗೆ ಗೊತ್ತಿರಲಿಲ್ಲ, ತೆಗೆಯುವ ಮನಸ್ಸೂ ಇರಲಿಲ್ಲ. ಆದರೂ ಆಸೆ ಇರಲಿಲ್ಲ ಎಂದು ಪ್ರಮಾಣ ಮಾಡಲಾರೆ. ರದ್ದಾದ ಒಂದು ಹಳೆಯ ವಿಭಾಗಪತ್ರದ ಕಡತದಲ್ಲಿ ಅದನ್ನು ಸೇರಿಸಿ ಪೆಟ್ಟಿಗೆಗೆ ಬೀಗ ಹಾಕಿದೆ.

ಆಮೇಲಿನ ಆರು ತಿಂಗಳು ನಾನು ನೆಮ್ಮದಿಯಿಂದ ಉಸಿರಾಡಲಿಲ್ಲ. ಮನೆಯ ಮುಂದೆ ಬೈಕ್ ನಿಂತರೆ ಕಿಟಕಿಗೆ ಓಡುತ್ತಿದ್ದೆ. ಹೆಂಡತಿ ಕಸ ಗುಡಿಸುತ್ತ ಪೆಟ್ಟಿಗೆ ಸರಿಸಿದರೆ ಬೈಯುತ್ತಿದ್ದೆ. ಕೊಟ್ಟೂರಿಗೆ ಮದುವೆಗೆ ಹೋದವನು ಅಕ್ಕಿಕಾಳು ಹಾಕುವ ಮೊದಲೇ ಬಸ್ಸು ಹತ್ತಿ ಬಂದು, ಬೀಗ ಇದೆಯೇ ಎಂದು ನೋಡಿದೆ. ಇಂಜಿನೇರ್ರು ತಮ್ಮ ಕಾಗದವನ್ನು ಮನೆಯೊಳಗಿನ ದೇವರ ಜಗುಲಿಯ ಮೇಲಿನ ಪಟದ ಹಿಂದೆ ಅಂಟಿಸಿದ್ದರು. ಆ ಜಾಗ ಅವರಿಗೂ ಹೆಂಡತಿಗೂ ಮಾತ್ರ ಗೊತ್ತು ಎಂದು ನನಗೇ ನಂಬಿಕೆಯಿಂದ ಹೇಳಿದ್ದರು.

ಕೊನೆಗೆ ಒಂದು ಸಂಜೆ ಹೇಳಿಬಿಡಬೇಕೆಂದು ಅಂಗಡಿಗೆ ಹೋದೆ. ಒಬ್ಬರೇ ಇದ್ದರು. ಸುತ್ತಿ ಬಳಸಿ ಶುರು ಮಾಡಿದೆ.

“ಇಂಜಿನೇರ್ರ, ಆ ಕಾಗದಕ್ಕ ಎಲ್ಲ್ಯಾರ ಇನ್ನೊಂದು ಪ್ರತಿ ಇತ್ತು ಅಂದ್ರ… ಏನು ಮಾಡ್ತಿದ್ರಿ?”

ಟೆಸ್ಟರ್ ಕೆಳಗಿಟ್ಟರು. ಎಡಗೈ ಬೆನ್ನ ಹಿಂದೆ ಹೋಯಿತು. “ಯಾಕ ಕೇಳಿದ್ರಿ? ಏನಾರ ಸುದ್ದಿ ಬಂತೇನು?”

ಆ ಮುಖ ನೋಡಿ ಮಾತು ತಿರುಗಿಸಿದೆ. “ಏನಿಲ್ಲ, ಸುಮ್ಮನ ಕೇಳಿದೆ.”

“ನೀವು ಸುಮ್ಮಸುಮ್ಮನ ಕೇಳೂ ಮನುಷ್ಯಾ ಅಲ್ಲ. ಹೇಳ್ರಿ. ಯಾರು ಏನಂದ್ರು?”

ಏನಾದರೊಂದು ಹೇಳಿ ತಪ್ಪಿಸಿಕೊಳ್ಳಬೇಕಿತ್ತು. ಬಾಯಿಗೆ ಬಂದದ್ದು ಇದು. “ಯಾರೂ ಏನೂ ಅಂದಿಲ್ಲ. ಆದ್ರ ನಿಮ್ಮ ಭಾವಮೈದ ಮಾಗಳದಿಂದ ವಾರಾ ವಾರಾ ಬರ್ತಾನಲ್ಲ. ಹೆಣ್ಮಕ್ಕಳು ತವರಿನವರ ಮುಂದ ಏನೂ ಮುಚ್ಚಿಡೂದಿಲ್ರಿ. ನೋಡ್ಕೊಂಡಿರ್ರಿ, ಅಷ್ಟ.”

ಅವರು ಟೆಸ್ಟರ್ ಎತ್ತಿ ಕಿಸೆಗೆ ಹಾಕಿಕೊಂಡರು. ಆ ಭಾವಮೈದ ಅಕ್ಕನಿಗೆ ತರಕಾರಿ ತರುತ್ತಿದ್ದ ಪಾಪದ ಮನುಷ್ಯ. ಆಕೆ ಅವನಿಗೆ ಏನನ್ನೂ ಹೇಳಿರಲಿಲ್ಲ. ನಾನು ಮನೆಗೆ ಬಂದವನೇ ಪೆಟ್ಟಿಗೆ ತೆಗೆದು, ಕಾರ್ಬನ್ ಪ್ರತಿಯನ್ನೂ ಕಾರ್ಬನ್ನನ್ನೂ ನೀರೊಲೆಗೆ ಹಾಕಿದೆ. ಉರಿಯುವುದನ್ನು ನೋಡುತ್ತ, ಇನ್ನು ನನಗೂ ಅದಕ್ಕೂ ಸಂಬಂಧವಿಲ್ಲ ಎಂದುಕೊಂಡೆ. ಹೆದರಿದವನು ಮೊದಲು ಕಾಯುವುದು ತನ್ನ ಬೆನ್ನನ್ನು.

ಹದಿನೈದು ದಿನದ ಮೇಲೆ ಇಂಜಿನೇರ್ರು ಚಹ ಕುಡಿಯುತ್ತ ಮೆಲ್ಲಗೆ ಅಂದರು, “ಜಾಗಾ ಬದಲು ಮಾಡೀನಿ. ಈಗ ಯಾರಿಗೂ ಗೊತ್ತಿಲ್ಲ, ಅಕಿಗೂ. ಸತ್ತ ಸೆಟ್ ಯಾರೂ ಬಿಚ್ಚೂದಿಲ್ಲ ನೋಡ್ರಿ.” ನಾನು ತಲೆಯಾಡಿಸಿದೆ. ಇನ್ನೇನೂ ಕೇಳದೆ ಚಹದ ಲೋಟ ತಿರುಗಿಸುತ್ತ ಕೂತೆ.

ಮಧ್ಯಾಹ್ನದ ಬುತ್ತಿಯಲ್ಲಿ ಎರಡು ತಾಟು ಬರತೊಡಗಿದವು. ಚಹದಂಗಡಿಯವನೂ ಗೇಲಿ ಬಿಟ್ಟ. ಒಂದು ದಿನ ಆಕೆ ಖಾಲಿ ಬುತ್ತಿ ಹಿಡಿದು ಹೋಗುತ್ತಿದ್ದವಳು ನನ್ನ ಮೇಜಿನ ಮುಂದೆ ನಿಂತಳು.

“ಅಣ್ಣಾರ, ನಿಮ್ಮ ಮುಂದ ಏನಾರ ಹೇಳ್ಯಾರೇನ್ರಿ ಇವರು?”

“ಇಲ್ಲವ್ವಾ ತಂಗಿ. ಯಾಕ?”

“ನಾನು ಹತ್ರ ಹೋದ್ರ ಕೈ ಹಿಂದಕ್ಕ ಕಟ್ಕೊಂತಾರ್ರಿ. ನೀರು ಕೊಡಾಕ ಹೋದ್ರೂ ಒಂದ ಕೈ ಚಾಚ್ತಾರ. ನಾನೇನು ಕರೆಂಟಿನ ವೈರ್ ಏನ್ರಿ?”

ನಗಲು ನೋಡಿದಳು, ಆಗಲಿಲ್ಲ. ಆ ಕೈಯ ಅರ್ಥ ನನಗೆ ಗೊತ್ತಿದ್ದಷ್ಟು ಇನ್ಯಾರಿಗೂ ಗೊತ್ತಿರಲಿಲ್ಲ. “ವಯಸ್ಸಾತಲ್ಲವ್ವಾ, ಹಂಗ ಆಕ್ಕೈತಿ” ಎಂದೆ.

ಮೂರು ತಿಂಗಳಲ್ಲಿ ಅವರು ತೀರಿಕೊಂಡರು. ತಂಬ್ರಹಳ್ಳಿಯಲ್ಲಿ ಯಾರದೋ ಟಿವಿ ನೋಡಿ ಬಂದವರು ಬಸ್ಸಿನಿಂದ ಇಳಿದು ನಾಲ್ಕು ಹೆಜ್ಜೆ ನಡೆದು ಕೂತರಂತೆ, ಅಷ್ಟೇ. ಯಾರಿಗೂ ಏನನ್ನೂ ಹೇಳಲು ಸಮಯ ಸಿಗಲಿಲ್ಲ. ಮಣ್ಣು ಮಾಡಿ ಬಂದು ಕಾರ್ಯಗಳೆಲ್ಲ ಮುಗಿದ ಮೇಲೆ ಆಕೆ ದೇವರ ಪಟ ಇಳಿಸಿ ನೋಡಿದ್ದಾಳೆ. ಹಿಂದೆ ಗೋಂದಿನ ಕಲೆ ಮಾತ್ರ. ಮರುದಿನ ತಮ್ಮನೊಂದಿಗೆ ನನ್ನ ಮನೆಗೆ ಬಂದಳು.

“ನಿಮ್ಮ ಕಡಿಂದ ಬರೆಸಿದ್ದು ಅಂತ ಹೇಳಿದ್ರು. ನಿಮ್ಮ ಹತ್ರ ಒಂದು ಪ್ರತಿ ಏನಾರ ಐತೇನ್ರಿ ಅಣ್ಣಾರ?”

“ಇಲ್ಲ,” ಎಂದೆ.

ತಮ್ಮ ನನ್ನನ್ನೇ ನೋಡುತ್ತಿದ್ದ. “ಬರಿಯೋರ ಹತ್ರ ಪ್ರತಿ ಇರ್ತೈತಂತಲ್ರಿ?”

“ಲೇ, ಸುಮ್ನಿರು. ಅಣ್ಣಾರು ಅಂಥವರಲ್ಲ,” ಎಂದು ಆಕೆ ಅವನನ್ನು ಗದರಿದಳು.

ನಾನು ಹೇಳಿದ ‘ಇಲ್ಲ’ ಸುಳ್ಳಲ್ಲ. ಇತ್ತು, ಸುಟ್ಟೆ ಎಂಬುದನ್ನು ಮಾತ್ರ ಹೇಳಲಿಲ್ಲ. ತಮ್ಮನ ಆ ನೋಟ ಮಾತ್ರ ನನ್ನ ಬೆನ್ನು ಬಿಡಲಿಲ್ಲ.

ಬಾಡಿಗೆಯ ಅಂಗಡಿ ಬಿಡಬೇಕಾಯಿತು. ಕೂಡ್ಲಿಗಿಯಿಂದ ಗುಜರಿಯವನು ಗಾಡಿ ತಂದ. ಬೀದಿಯವರೆಲ್ಲ ನಿಂತಿದ್ದೆವು. ಸತ್ತ ರೇಡಿಯೊಗಳನ್ನು ಒಂದೊಂದಾಗಿ ಎತ್ತಿ ಗಾಡಿಗೆ ಎಸೆಯುತ್ತಿದ್ದ. ಎಲ್ಲದರ ಮೇಲೂ ಬೆರಳು ದಪ್ಪದ ಧೂಳು, ಬೆನ್ನಿನ ಸ್ಕ್ರೂಗಳೆಲ್ಲ ತುಕ್ಕು. ಒಂದು ಮರದ ಪೆಟ್ಟಿಗೆಯ ರೇಡಿಯೊ ನನ್ನ ಮುಂದೆಯೇ ಹಾದುಹೋಯಿತು. ಅದರ ಬೆನ್ನಿಗೆ ನಾಲ್ಕು ಹೊಸ ಸ್ಕ್ರೂ, ಬೆಳ್ಳಗೆ ಹೊಳೆಯುತ್ತಿದ್ದವು.

ಸತ್ತ ಸೆಟ್ ಯಾರೂ ಬಿಚ್ಚೂದಿಲ್ಲ ನೋಡ್ರಿ.

ಇಂಜಿನೇರ್ರು ಚಹ ಕುಡಿಯುತ್ತ ಆಡಿದ್ದ ಆ ಮಾತಿನ ಅರ್ಥ ಆಗ ಹೊಳೆಯಿತು. ‘ತಡಿಯಪ್ಪಾ’ ಎಂಬ ಒಂದು ಮಾತು ಸಾಕಿತ್ತು. ಆದರೆ ಆಕೆಯ ತಮ್ಮ ಗಾಡಿಯ ಪಕ್ಕದಲ್ಲೇ ನಿಂತಿದ್ದ. ಅಷ್ಟು ಸೆಟ್ಟುಗಳಲ್ಲಿ ಅದೊಂದನ್ನೇ ತೋರಿಸಿ ಇದನ್ನು ಬಿಚ್ಚಿ ಎಂದರೆ, ನಿಮಗೆ ಹೆಂಗ ಗೊತ್ತು ಎನ್ನುತ್ತಾನೆ. ಅಲ್ಲಿಂದ ಒಂದೊಂದೇ ಎಳೆ ಹಿಡಿದು ಬಂದರೆ ಕಾರ್ಬನ್ನು, ಒಲೆ, ನಾನು ಆಡಿದ ಮಾತು ಎಲ್ಲ ಹೊರಗೆ. ಗಾಡಿ ಹೊರಟಿತು. ಆಗ ನೋಡಿಕೊಂಡರೆ ನನ್ನ ಎಡಗೈ ನನ್ನ ಬೆನ್ನ ಹಿಂದೆ ಇತ್ತು.

ಎರಡು ದಿನ ತಡೆದು, ಯಾರಿಗೂ ಹೇಳದೆ ಕೂಡ್ಲಿಗಿಗೆ ಹೋದೆ. ಗುಜರಿ ಅಂಗಡಿಯಲ್ಲಿ ತಾಮ್ರ ಒಂದು ಕಡೆ, ತಗಡು ಒಂದು ಕಡೆ, ಪ್ಲಾಸ್ಟಿಕ್ ಒಂದು ಕಡೆ ಗುಡ್ಡೆಯಾಗಿ ಬಿದ್ದಿದ್ದವು. ಆ ಮರದ ಪೆಟ್ಟಿಗೆ ಗೋಡೆಗೆ ಒರಗಿತ್ತು, ಹೊಟ್ಟೆ ಖಾಲಿ.

“ಒಳಗ ಕಾಗದ ಏನಾರ ಇತ್ತೇನಪ್ಪಾ?”

“ಇದ್ರ ಇರಬೇಕ್ರಿ ಯಜಮಾನ್ರ. ಕಸ ಎಲ್ಲಾ ಅವತ್ತವತ್ತೇ ಸುಡ್ತೀವಿ. ಯಾಕ್ರಿ, ಗ್ಯಾರಂಟಿ ಕಾರ್ಡೇನು?” ಎಂದು ನಕ್ಕ.

ಪೆಟ್ಟಿಗೆಯನ್ನು ಕೊಂಡು ತಂದೆ. ಒಳಗಿನ ಹಲಗೆಯಲ್ಲಿ ಅಂಗೈ ಅಗಲದ ಚೌಕಾಕಾರದ ಗೋಂದಿನ ಕಲೆ ಇದೆ. ಒಂದು ಮೂಲೆಯಲ್ಲಿ ದಪ್ಪ ಕಾಗದದ ಚೂರು ಇನ್ನೂ ಅಂಟಿಕೊಂಡಿದೆ. ಅದರಲ್ಲಿ ನನ್ನ ಕೈಬರಹದ ‘24’ ಎಂಬ ಅಂಕಿ ಮಾತ್ರ ಉಳಿದಿದೆ, ಪದವಿಲ್ಲ. ಆ ಪದಗಳಲ್ಲಿ ಒಂಬತ್ತು ನನಗೆ ಈಗಲೂ ನೆನಪಿವೆ, ಯಾವುದರ ಮುಂದೆ ಯಾವುದು ಎಂಬುದಿಲ್ಲ. ಬಸ್ ನಿಲ್ದಾಣದಲ್ಲಿ ಯಾರಾದರೂ ಇಂಗ್ಲಿಷಿನಲ್ಲಿ ಕುದುರೆ ಎಂದರೂ ಬೆವರುತ್ತೇನೆ.

ಕಳೆದ ತಿಂಗಳು ಹಡಗಲಿಯಲ್ಲಿ ಆಕೆ ಸಿಕ್ಕಳು. ಈಗ ಮಾಗಳದಲ್ಲಿ ತಮ್ಮನ ಮನೆಯಲ್ಲಿದ್ದಾಳೆ. ಹಡಗಲಿಯ ಒಂದು ಹಾಸ್ಟೆಲಿನಲ್ಲಿ ಅಡುಗೆಗೆ ಬರುತ್ತಾಳೆ. ಅವಳೇ ನನ್ನನ್ನು ಗುರುತಿಸಿ ಓಡಿಬಂದು, ಬೇಡವೆಂದರೂ ಚಹ ತರಿಸಿದಳು. ರೊಕ್ಕದ ಮಾತನ್ನು ಎತ್ತಲೇ ಇಲ್ಲ. ಬಸ್ಸು ಬರುವ ಹೊತ್ತಿಗೆ ಹೇಳಿದಳು.

“ನನ್ನಿಂದ ಏನೋ ತಪ್ಪಾಗಿರಬೇಕ್ರಿ ಅಣ್ಣಾರ. ಏನು ಅಂತ ಇನ್ನೂ ಹುಡುಕಾಕತ್ತೀನಿ. ಇಲ್ಲಾಂದ್ರ ಕಡೀಕ ಅವರು ನನ್ನ ಕಂಡು ಕೈ ಹಿಂದ ಕಟ್ತಿದ್ರೇನ್ರಿ? ಅಕ್ಕಿ ಆರಿಸೂವಾಗೂ ಅದ ಯೋಚನಿ.”

ನನ್ನ ಕೈಯಲ್ಲಿ ಚಹದ ಲೋಟ ಇತ್ತು. ಹೇಳಲಿಲ್ಲ. ಬಸ್ಸು ಬಂತು, ಹತ್ತಿದೆ. ಕಿಟಕಿಯ ಹತ್ತಿರ ಬಂದು, “ಹುಷಾರಾಗಿ ಹೋಗ್ರಿ” ಎಂದಳು.

ಈ ಕಾಗದವನ್ನು ಕಾರ್ಬನ್ ಇಲ್ಲದೆ ಬರೆಯುತ್ತಿದ್ದೇನೆ. ಇದಕ್ಕೆ ಒಂದೇ ಪ್ರತಿ, ಅದು ಮಾಗಳಕ್ಕೆ ಹೋಗಬೇಕಾದದ್ದು. ಅಂಚೆಗೆ ಹಾಕುವ ಧೈರ್ಯ ಬರುತ್ತದೋ ಇಲ್ಲವೋ ತಿಳಿಯದು. ತಪ್ಪು ಅವಳದಲ್ಲ, ನನ್ನದು ಎಂದು ಇಷ್ಟರಮಟ್ಟಿಗೆ ಬರೆದಾಯಿತು. ಮೊದಲ ಸಾಲಿನಲ್ಲಿ ಬಿಟ್ಟ ಜಾಗ ಇನ್ನೂ ಖಾಲಿ ಇದೆ. ಪದ್ಧತಿಯ ಪ್ರಕಾರ ಅಲ್ಲಿ ಬರೆಸಿಕೊಂಡವರ ಹೆಸರು ಬರಬೇಕು. ಈಗ ಮೇಲೆ ಹೋಗಿ, ಒತ್ತಿ ಬರೆಯುತ್ತೇನೆ. ಹಾಲಮ್ಮ.